ಕಪ್ಪು-ಬಿಳುಪು ಕಾಲದ ಪೋಷಕ ನಟರ ಚಿತ್ರಪಟ್ಟಿ ಮಾಡುವಾಗ ಯಾವ ಆಧಾರವನ್ನು ಎಷ್ಟು ನಂಬಬೇಕು?

ಪ್ರಶ್ನೆ: ನೇಪಥ್ಯ

ನಾಟಕ ಕಂಪನಿಯಿಂದ ಸಿನಿಮಾಕ್ಕೆ ಬಂದ ಒಬ್ಬ ಪೋಷಕ ನಟರ ಬಗ್ಗೆ ವಿವರವಾದ ಲೇಖನ ಸಿದ್ಧವಾಗಬೇಕಿದೆ. 1950ರ ದಶಕದ ನಡುವಿನಿಂದ 1970ರ ದಶಕದ ಕೊನೆಯವರೆಗೆ ಕನ್ನಡ ಚಿತ್ರಗಳಲ್ಲಿ ಶಾನುಭೋಗ, ಪುರೋಹಿತ, ಡಾಕ್ಟರು, ಜಡ್ಜು, ಹುಡುಗಿಯ ತಂದೆ, ಇಂಥ ಎರಡು ಮೂರು ದೃಶ್ಯಗಳ ಪಾತ್ರಗಳನ್ನೇ ಹೆಚ್ಚಾಗಿ ಮಾಡಿದವರು. ಮನೆಯವರ ಒಪ್ಪಿಗೆ ಇನ್ನೂ ಬರಬೇಕಾದ್ದರಿಂದ ಹೆಸರು ಇಲ್ಲಿ ಬೇಡ. ಉತ್ತರ ಆ ಕಾಲದ ಯಾವ ಪೋಷಕ ನಟರಿಗಾದರೂ ಅನ್ವಯಿಸುವಂತಿದ್ದರೆ ಇನ್ನೂ ಒಳ್ಳೆಯದು.

ಅಂತರ್ಜಾಲದ ಪಟ್ಟಿಗಳನ್ನೆಲ್ಲ ಒಟ್ಟು ಮಾಡಿದರೆ ಚಿತ್ರಗಳ ಹೆಸರುಗಳೇನೋ ಸಾಕಷ್ಟು ಸಿಗುತ್ತವೆ. ಆದರೆ ಅವುಗಳಲ್ಲಿ ಕೆಲವು ತೆಲುಗಿನವು, ಕೆಲವು ಅವರು ತೀರಿಕೊಂಡ ಎಷ್ಟೋ ವರ್ಷದ ಮೇಲಿನವು. ಇನ್ನೊಂದು ಕಡೆ, ಮುಖ ಕಣ್ಣಿಗೆ ಕಟ್ಟುವಂತೆ ಕಾಣಿಸುವ ಚಿತ್ರಗಳ ಟೈಟಲ್ ಕಾರ್ಡಿನಲ್ಲಿ ಹೆಸರೇ ಇಲ್ಲ.

ತಿಳಿಯಬೇಕಾದ್ದು ಇಷ್ಟು. ಟೈಟಲ್‌ನಲ್ಲಿ ಹೆಸರಿಲ್ಲದಿದ್ದರೆ ಪಾತ್ರವನ್ನು ಖಚಿತ ಮಾಡುವುದು ಹೇಗೆ? ಚಿತ್ರಮಂದಿರದಲ್ಲಿ ಮಾರುತ್ತಿದ್ದ ಹಾಡಿನ ಪುಸ್ತಕದ ಪಾತ್ರವರ್ಗವನ್ನು ಎಷ್ಟು ನಂಬಬಹುದು? ಒಂದೇ ಹೆಸರಿನವರನ್ನು ಬೇರ್ಪಡಿಸುವುದು ಹೇಗೆ? ಹುಟ್ಟು, ಕಂಪನಿ ದಿನಗಳು, ಕೊನೆಗಾಲ, ಇವುಗಳಿಗೆ ಕಾಗದದ ಆಧಾರ ಎಲ್ಲಿ ಸಿಗುತ್ತದೆ?


ಉತ್ತರ: ಪದ್ಯಾವಳಿ

ಪಟ್ಟಿಯಿಂದ ಶುರು ಮಾಡಬೇಡಿ, ತೆರೆಯಿಂದ ಶುರು ಮಾಡಿ. ಅಂತರ್ಜಾಲದ ಪಟ್ಟಿಗಳು ಒಂದನ್ನೊಂದು ನಕಲು ಮಾಡಿದವು. ಒಂದು ಕಡೆಯ ತಪ್ಪು ಐದು ಕಡೆ ಕಂಡಿತು ಎಂದರೆ ಐದು ಆಧಾರ ಸಿಕ್ಕಿತು ಎಂದಲ್ಲ.

ಮೊದಲು ಅವರು ಇದ್ದಾರೆಂದು ಎಳ್ಳಷ್ಟೂ ಅನುಮಾನವಿಲ್ಲದ ಎರಡು ಮೂರು ಚಿತ್ರ ಆರಿಸಿಕೊಳ್ಳಿ. ಟೈಟಲ್‌ನಲ್ಲಿ ಹೆಸರಿರಬೇಕು, ಪಾತ್ರ ಯಾವುದೆಂದು ಹಾಡಿನ ಪುಸ್ತಕದಲ್ಲೂ ಇರಬೇಕು, ಮನೆಯವರೂ ಗುರುತಿಸಿರಬೇಕು. ಅವುಗಳಿಂದ ಎದುರು ಮುಖ, ಪಕ್ಕದ ಮುಖ, ಮಾತಾಡುವಾಗಿನ ಬಾಯಿ ಕಾಣುವಂತೆ ಚಿತ್ರಗಳನ್ನು ತೆಗೆದಿಟ್ಟುಕೊಳ್ಳಿ. ಮುಂದಿನ ಎಲ್ಲ ಹೋಲಿಕೆಯೂ ಇವುಗಳ ಜೊತೆಗೇ ನಡೆಯಬೇಕು. ಹೊಸದಾಗಿ ಗುರುತಿಸಿದ್ದನ್ನು ಇನ್ನೊಂದು ಹೊಸದರ ಜೊತೆ ಹೋಲಿಸುತ್ತಾ ಹೋದರೆ ನಾಲ್ಕನೇ ಚಿತ್ರದ ಹೊತ್ತಿಗೆ ಬೇರೊಬ್ಬರೇ ಪಟ್ಟಿಯೊಳಗೆ ಬಂದು ಕೂತಿರುತ್ತಾರೆ.

ಮೀಸೆ, ಜುಟ್ಟು, ವಿಗ್ಗು, ಕನ್ನಡಕ ಯಾವುದನ್ನೂ ಗುರುತಿಗೆ ತೆಗೆದುಕೊಳ್ಳಬೇಡಿ. ಪೋಷಕ ನಟರ ಕೆಲಸವೇ ಅವನ್ನು ಬದಲಿಸುವುದು. ಕಿವಿಯ ಆಕಾರ ನೋಡಿ. ಹಾಲೆ ಕೆನ್ನೆಗೆ ಅಂಟಿದೆಯೋ ಬಿಡಿಯಾಗಿದೆಯೋ, ಮೇಲಿನ ಮಡಿಕೆ ಹೇಗಿದೆ ಎಂಬುದನ್ನು ಮೇಕಪ್ ಮರೆಮಾಡುವುದಿಲ್ಲ. ಹಲ್ಲಿನ ಸಾಲು, ಕೈಬೆರಳು, ಕೂತು ಏಳುವ ರೀತಿಯೂ ನೆರವಿಗೆ ಬರುತ್ತವೆ. ಪೌರಾಣಿಕ ಚಿತ್ರಗಳಲ್ಲಿ ಕಿರೀಟ, ಕರ್ಣಕುಂಡಲ ಸೇರಿ ಕಿವಿಯನ್ನು ಮುಚ್ಚಿಬಿಡುತ್ತವೆ. ಅಲ್ಲಿ ಧ್ವನಿಯನ್ನೇ ಹಿಡಿಯಬೇಕು. ಕಂಪನಿಯಲ್ಲಿ ಪಳಗಿದವರು ವಾಕ್ಯದ ಕೊನೆಯ ಅಕ್ಷರವನ್ನು ನುಂಗುವುದಿಲ್ಲ, ಉಸಿರು ತೆಗೆದುಕೊಳ್ಳುವ ಜಾಗ ಅವರಲ್ಲಿ ಒಂದೇ ಥರ ಇರುತ್ತದೆ. ಆದರೆ ಧ್ವನಿ ಒಂದನ್ನೇ ನಂಬಿ ನಿರ್ಧರಿಸಬೇಡಿ, ಸಣ್ಣ ಪಾತ್ರಕ್ಕೆ ಬೇರೆಯವರು ಕಂಠದಾನ ಮಾಡಿರುವುದುಂಟು.

ಪ್ರತಿ ಚಿತ್ರಕ್ಕೆ ಒಂದು ಸಾಲು ಬರೆದಿಡಿ: ಯಾವ ಪ್ರತಿ ನೋಡಿದ್ದು (ಸಿಡಿಯೋ, ಟಿವಿಯದೋ, ಅಂತರ್ಜಾಲದ್ದೋ), ಎಷ್ಟನೇ ನಿಮಿಷದಿಂದ ಎಷ್ಟನೇ ನಿಮಿಷದವರೆಗೆ ಕಾಣುತ್ತಾರೆ, ವೇಷ ಏನು, ಬೇರೆ ಪಾತ್ರಗಳು ಅವರನ್ನು ಏನೆಂದು ಕರೆಯುತ್ತವೆ, ಅದೇ ಚೌಕಟ್ಟಿನಲ್ಲಿ ಇನ್ನಾರಿದ್ದಾರೆ, ಮಾತಿದೆಯೋ ಇಲ್ಲವೋ. ಏನೆಂದು ಕರೆಯುತ್ತಾರೆ ಎನ್ನುವ ವಿವರ ಬಹಳ ಮುಖ್ಯ. ಹಾಡಿನ ಪುಸ್ತಕದಲ್ಲಿ ‘ರಂಗಪ್ಪ’ ಎಂದಿದ್ದು ತೆರೆಯ ಮೇಲೆ ಎಲ್ಲರೂ ‘ಶಾನುಭೋಗರೇ’ ಎಂದೇ ಕರೆದರೆ ಎರಡನ್ನೂ ಜೋಡಿಸಲು ಇನ್ನೊಂದು ಆಧಾರ ಬೇಕಾಗುತ್ತದೆ.

ಇನ್ನು ಹಾಡಿನ ಪುಸ್ತಕ. ಚಿತ್ರಮಂದಿರದಲ್ಲಿ ಮಾರುತ್ತಿದ್ದ ಈ ತೆಳು ಪುಸ್ತಕದಲ್ಲಿ ತಂತ್ರಜ್ಞರ ಹೆಸರು, ಪಾತ್ರವರ್ಗ, ಕಥಾಸಾರಾಂಶ, ಹಾಡುಗಳು ಇರುತ್ತವೆ. ಕಥೆಯನ್ನು ಮುಕ್ಕಾಲು ಹೇಳಿ ‘ಮುಂದಿನದನ್ನು ಬೆಳ್ಳಿತೆರೆಯ ಮೇಲೆ ನೋಡಿ ಆನಂದಿಸಿ’ ಎನ್ನುವ ಧಾಟಿಯಲ್ಲಿ ನಿಲ್ಲಿಸುವುದು ರೂಢಿ. ಯಾವ ಪಾತ್ರವನ್ನು ಯಾರು ಮಾಡಿದರು ಎಂದು ಎದುರುಬದುರು ಅಚ್ಚಾಗಿರುವುದು ಬಹುಪಾಲು ಇಲ್ಲಿ ಮಾತ್ರ. ಟೈಟಲ್ ಕಾರ್ಡಿನಲ್ಲಿ ಹೆಸರುಗಳ ಗುಂಪು ಇರುತ್ತದೆ, ಪಾತ್ರ ಇರುವುದಿಲ್ಲ. ಪೋಷಕ ನಟರ ಮಟ್ಟಿಗೆ ಇದಕ್ಕಿಂತ ಬೆಲೆಬಾಳುವ ಕಾಗದ ಇನ್ನೊಂದಿಲ್ಲ.

ಆದರೂ ಕಣ್ಣು ಮುಚ್ಚಿ ನಂಬುವ ಹಾಗಿಲ್ಲ. ಬಿಡುಗಡೆಯ ದಿನಕ್ಕೆ ಸಿದ್ಧವಿರಬೇಕಾದ್ದರಿಂದ ಕೊನೆಯ ಸಂಕಲನಕ್ಕೆ ಮುಂಚೆಯೇ ಅಚ್ಚಿಗೆ ಹೋಗಿರುತ್ತದೆ. ಉದ್ದ ಹೆಚ್ಚಾಯಿತೆಂದು ಆಮೇಲೆ ಕಿತ್ತುಹಾಕಿದ ದೃಶ್ಯದ ನಟರ ಹೆಸರು ಪುಸ್ತಕದಲ್ಲಿ ಉಳಿದಿರುತ್ತದೆ. ಮರುಬಿಡುಗಡೆಗೆ ಮತ್ತೆ ಅಚ್ಚು ಹಾಕಿಸಿದಾಗ ಅಷ್ಟರಲ್ಲಿ ಹೆಸರಾದವರನ್ನು ಮೇಲಕ್ಕೆ ತಂದು, ಜಾಗ ಸಾಲದೆ ಕೆಳಗಿನವರನ್ನು ‘ಮುಂತಾದವರು’ ಮಾಡಿರುತ್ತಾರೆ. ಎಷ್ಟೋ ಪುಸ್ತಕಗಳಲ್ಲಿ ಇಸವಿಯೇ ಇಲ್ಲ. ಹಿಂಬದಿಯ ಜಾಹೀರಾತು, ಕೊನೆಯ ಪುಟದ ಮುದ್ರಣಾಲಯದ ಹೆಸರು, ಬೆಲೆ ಇವನ್ನು ನೋಡಿ ಮೊದಲ ಮುದ್ರಣವೋ ಮರುಮುದ್ರಣವೋ ಎಂದು ತೀರ್ಮಾನಿಸಬೇಕು.

ಪುಸ್ತಕ ಕೈಗೆ ಸಿಕ್ಕರೆ ತುಕ್ಕು ಹಿಡಿದ ಪಿನ್ನನ್ನು ಎಳೆಯಬೇಡಿ, ಕಾಗದ ಅದರ ಜೊತೆಗೇ ಕಿತ್ತು ಬರುತ್ತದೆ. ಹಿಂಬದಿಯಲ್ಲಿ ಪಿನ್ನಿನ ಕಾಲುಗಳನ್ನು ಮೆಲ್ಲಗೆ ನೆಟ್ಟಗೆ ಮಾಡಿ ಹೊರಕ್ಕೆ ತಳ್ಳಿ. ಅಕ್ಷರಕ್ಕೆ 300 ಡಿಪಿಐ ಸಾಕು, ಚುಕ್ಕಿ ಅಚ್ಚಿನ ಫೋಟೊಗಳಿಗೆ 600 ಇಡಿ. ಇಲ್ಲದಿದ್ದರೆ ಮುಖದ ಮೇಲೆ ಅಲೆಅಲೆಯಾದ ಗೆರೆ ಬಿದ್ದು ಗುರುತು ಹಿಡಿಯಲು ಆಗುವುದಿಲ್ಲ.

1964ರಲ್ಲಿ ಪುಣೆಯಲ್ಲಿ ಆರಂಭವಾದ ರಾಷ್ಟ್ರೀಯ ಚಲನಚಿತ್ರ ಸಂಗ್ರಹಾಲಯದಲ್ಲಿ (2022ರಿಂದ ರಾಷ್ಟ್ರೀಯ ಚಲನಚಿತ್ರ ಅಭಿವೃದ್ಧಿ ನಿಗಮ, ಅಂದರೆ ಎನ್‌ಎಫ್‌ಡಿಸಿ ಜೊತೆ ಸೇರಿದೆ) ಹಾಡಿನ ಪುಸ್ತಕ, ಸ್ಥಿರಚಿತ್ರ, ಪೋಸ್ಟರುಗಳ ಸಂಗ್ರಹ ಇದೆ. ನಟರ ಹೆಸರು ಕೊಟ್ಟು ಕೇಳಿದರೆ ಸಣ್ಣ ಪಾತ್ರದವರ ವಿಷಯದಲ್ಲಿ ಏನೂ ಸಿಗುವುದಿಲ್ಲ, ಏಕೆಂದರೆ ಇಂಥ ಸಂಗ್ರಹ ಚಿತ್ರದ ಹೆಸರಿನ ಮೇಲೆ ನಿಂತಿರುತ್ತದೆ. ಚಿತ್ರ, ಭಾಷೆ, ಇಸವಿ, ನಿರ್ದೇಶಕರು, ಇಷ್ಟರ ಪಟ್ಟಿ ಮಾಡಿ ಕೇಳಿ.


ಉತ್ತರ: ತಾಯಿನುಡಿ_ಸಿನಿಮಾ

ಹೆಸರಿನ ಗೊಂದಲಕ್ಕೆ ಎರಡು ಮೂಲಗಳಿವೆ.

ಒಂದು, ಬರೆಯುವ ರೀತಿ. ಎಚ್/ಹೆಚ್, ಎಂ/ಎಮ್, ಅಶ್ವಥ್/ಅಶ್ವತ್ಥ್/ಅಶ್ವತ್ಥ, ರಾವ್/ರಾವು, ಶಾಸ್ತ್ರಿ/ಶಾಸ್ತ್ರೀ, ಶ್ರೀನಿವಾಸಮೂರ್ತಿ/ಶ್ರೀನಿವಾಸ ಮೂರ್ತಿ. ಹುಡುಕುವಾಗ ಇವೆಲ್ಲವನ್ನೂ ಹಾಕಿ ನೋಡಬೇಕು, ಇನಿಷಿಯಲ್ ಬಿಟ್ಟೂ ನೋಡಬೇಕು. ಚಿತ್ರೀಕರಣ, ಟೈಟಲ್ ಬರೆಸುವುದು ಎಲ್ಲ ಮದರಾಸಿನಲ್ಲೇ ನಡೆಯುತ್ತಿದ್ದ ಕಾಲದ ಕಾರ್ಡುಗಳಲ್ಲಿ ಒಂದೇ ನಟರ ಇನಿಷಿಯಲ್ ಚಿತ್ರದಿಂದ ಚಿತ್ರಕ್ಕೆ ಬೇರೆಯಾಗಿರುವುದು ಅಪರೂಪವೇನಲ್ಲ. ಹೆಸರಿನ ಮುಂದೆ ಊರು, ಪಾತ್ರ ಅಥವಾ ಚಿತ್ರದ ಹೆಸರು ಸೇರಿಕೊಂಡದ್ದನ್ನೂ ಗಮನಿಸಿ. ಶ್ರೀನಿವಾಸ್ ಅವರು ‘ತೂಗುದೀಪ’ (1966) ಚಿತ್ರದ ನಂತರವೇ ತೂಗುದೀಪ ಶ್ರೀನಿವಾಸ್ ಆದದ್ದು. ಅದಕ್ಕೆ ಮುಂಚಿನದನ್ನು ಹುಡುಕುವಾಗ ಆ ಹೆಸರು ಪ್ರಯೋಜನಕ್ಕೆ ಬರುವುದಿಲ್ಲ.

ಎರಡು, ನಿಜವಾಗಿಯೂ ಬೇರೆಬೇರೆ ವ್ಯಕ್ತಿಗಳು. ‘ಭೂತಯ್ಯನ ಮಗ ಅಯ್ಯು’ (1974) ಚಿತ್ರದ ಲೋಕೇಶ್ ಅವರು ನಾಟಕ ಕಂಪನಿ ನಡೆಸುತ್ತಿದ್ದ ನಟ ಸುಬ್ಬಯ್ಯ ನಾಯ್ಡು ಅವರ ಮಗ. ಮೈಸೂರು ಲೋಕೇಶ್ ಅವರೇ ಬೇರೆ, ಪವಿತ್ರಾ ಲೋಕೇಶ್ ಮತ್ತು ಆದಿ ಲೋಕೇಶ್ ಅವರ ತಂದೆ. ಕಾರ್ಡಿನಲ್ಲಿ ಬರೀ ‘ಲೋಕೇಶ್’ ಎಂದಿದ್ದರೆ ಚಿತ್ರ ನೋಡದೆ ಬರೆಯಬಾರದು. ನಮ್ಮ ಹಾಸ್ಯನಟ ನರಸಿಂಹರಾಜು 1979ರಲ್ಲಿ ತೀರಿಕೊಂಡರು. ತೆಲುಗಿನ ‘ಜಗನ್ಮೋಹಿನಿ’ (1978) ನಾಯಕ ನರಸಿಂಹರಾಜು ಬೇರೆ ವ್ಯಕ್ತಿ. ಕೆ.ಎಸ್. ಅಶ್ವಥ್ ಅವರ ಪೂರ್ಣ ಹೆಸರೇ ಅಶ್ವತ್ಥನಾರಾಯಣ ಎಂದಿರುವಾಗ, ಅಶ್ವಥ್ ನಾರಾಯಣ್ ಎಂಬ ಇನ್ನೊಬ್ಬ ಪೋಷಕ ನಟರ ಪಟ್ಟಿ ಅವರ ಪಟ್ಟಿಯೊಳಗೆ ಕಲೆಯುವುದು ಎಷ್ಟು ಸುಲಭ ಎಂದು ಊಹಿಸಿ. ಗಾಯಕ, ಸಂಗೀತ ನಿರ್ದೇಶಕ ಸಿ. ಅಶ್ವಥ್ ಸೇರಿದರೆ ಮುಗಿದೇಹೋಯಿತು. ಇಷ್ಟು ಹೆಸರಾದವರಿಗೇ ಹೀಗಾದರೆ ಎರಡು ದೃಶ್ಯದ ನಟರ ಗತಿ ಏನು? ಅವರ ಪರವಾಗಿ ತಿದ್ದಲು ಅಭಿಮಾನಿ ಬಳಗವೂ ಇರುವುದಿಲ್ಲ. ಈ ಕೆಲಸ ಯಾರಾದರೂ ಶ್ರದ್ಧೆಯಿಂದ ಮಾಡಲೇಬೇಕು ಎನ್ನುವುದು ಅದಕ್ಕೇ.

ಪಟ್ಟಿಯಲ್ಲಿ ತೆಲುಗು ಚಿತ್ರ ಬಂದ ಕೂಡಲೇ ಹೊಡೆದುಹಾಕಬೇಡಿ, ಹಾಗೆಂದು ಸೇರಿಸಿಯೂ ಬಿಡಬೇಡಿ. ‘ಬೇಡರ ಕಣ್ಣಪ್ಪ’ (1954) ಕಥೆ ತೆಲುಗಿನಲ್ಲಿ ‘ಕಾಳಹಸ್ತಿ ಮಹಾತ್ಮ್ಯಂ’ ಆಗಿ ಬಂದಾಗ ನಾಯಕ ರಾಜ್‌ಕುಮಾರ್ ಅವರೇ. ಆದರೆ ನಾಯಕ ಉಳಿದ ಮಾತ್ರಕ್ಕೆ ಪೋಷಕ ಪಾತ್ರದವರೆಲ್ಲ ಉಳಿದರು ಎಂದಲ್ಲ. ಸಣ್ಣ ಪಾತ್ರಗಳಿಗೆ ಆಯಾ ಭಾಷೆಯವರನ್ನೇ ಹಾಕಿಕೊಳ್ಳುವುದು ಸಾಮಾನ್ಯ ಪದ್ಧತಿ. ಡಬ್ ಆದ ಚಿತ್ರದಲ್ಲಾದರೆ ಮುಖ ಅದೇ, ಧ್ವನಿ ಬೇರೆ. ಹಾಗಾಗಿ ಮರುಚಿತ್ರೀಕರಣವೋ ಡಬ್ಬಿಂಗೋ ಎಂಬುದನ್ನು ಮೊದಲು ತೀರ್ಮಾನಿಸಿ. ಹೊರಾಂಗಣದ ದೃಶ್ಯಗಳನ್ನು ಎರಡೂ ಪ್ರತಿಯಲ್ಲಿ ಪಕ್ಕಪಕ್ಕ ಇಟ್ಟು ನೋಡಿದರೆ ತಕ್ಷಣ ತಿಳಿಯುತ್ತದೆ. ಒಂದೇ ಶಾಟ್ ಆಗಿದ್ದರೆ ಹಿಂದಿನ ಮರದ ಕೊಂಬೆ, ಹಾದುಹೋಗುವ ದನ ಕೂಡ ಅದೇ ಜಾಗದಲ್ಲಿರುತ್ತವೆ.

ಕಾಲಕ್ರಮಕ್ಕೆ ಬಿಡುಗಡೆಯ ದಿನವನ್ನೇ ಇಟ್ಟುಕೊಳ್ಳಿ, ಸೆನ್ಸಾರ್ ದಿನವನ್ನು ಬೇರೆ ಕಾಲಮ್ಮಿನಲ್ಲಿ ಬರೆಯಿರಿ. ಡಿಸೆಂಬರಿನಲ್ಲಿ ಪ್ರಮಾಣಪತ್ರ ಪಡೆದು ಜನವರಿಯಲ್ಲಿ ತೆರೆಕಂಡ ಚಿತ್ರಕ್ಕೆ ಎರಡು ಇಸವಿ ಅಂಟಿಕೊಂಡು, ಪಟ್ಟಿಯಲ್ಲಿ ಎರಡು ಸಲ ಬರುವುದೂ ಉಂಟು. ರಾಜ್ಯ ಪ್ರಶಸ್ತಿಗಳು 1966-67ರಿಂದ ಜೋಡಿ ಇಸವಿಯಲ್ಲಿ ಇರುವುದರಿಂದ ಅಲ್ಲಿಂದ ಬಿಡುಗಡೆಯ ವರ್ಷ ತೆಗೆಯಬೇಡಿ. ದಿನ ಬೇಕಿದ್ದರೆ ಪತ್ರಿಕೆಯ ಜಾಹೀರಾತೇ ಗತಿ. 1948ರ ಅಕ್ಟೋಬರಿನಿಂದ ಈಚೆಗೆ ‘ಪ್ರಜಾವಾಣಿ’ ಇದೆ. ‘ಬರುವ ಶುಕ್ರವಾರದಿಂದ’ ಎಂಬ ಜಾಹೀರಾತು ಸಾಲದು, ‘ಇಂದಿನಿಂದ’ ಎಂಬುದನ್ನು ಹುಡುಕಿ. ಮುಂದಕ್ಕೆ ಹೋದ ಬಿಡುಗಡೆಗಳು ಬೇಕಾದಷ್ಟಿವೆ. ಬೆಂಗಳೂರಿನ ಜಾಹೀರಾತು, ಹುಬ್ಬಳ್ಳಿಯ ಜಾಹೀರಾತು ಬೇರೆಬೇರೆ ದಿನದ್ದಾಗಿದ್ದರೆ ಮೊದಲಿನದನ್ನು ಹಿಡಿಯಿರಿ.

1950ರ ದಶಕಕ್ಕೆ ಒಂದು ಅನುಕೂಲ ಇದೆ. ಆಗ ಕನ್ನಡ ಚಿತ್ರಗಳ ಸಂಖ್ಯೆ ವರ್ಷಕ್ಕೆ ಇಪ್ಪತ್ತನ್ನೂ ದಾಟುತ್ತಿರಲಿಲ್ಲ. ನಟರ ಹೆಸರು ಹಿಡಿದು ಹುಡುಕುವ ಬದಲು ಆ ವರ್ಷ ಬಂದದ್ದರಲ್ಲಿ ಸಿಗುವ ಚಿತ್ರಗಳನ್ನೆಲ್ಲ ಸಾಲಾಗಿ ನೋಡಿಬಿಡಬಹುದು. ಕಾರ್ಡಿನಲ್ಲಿ ಇಲ್ಲದ ಪಾತ್ರಗಳು ಸಿಗುವುದು ಹೀಗೆ ನೋಡಿದಾಗಲೇ.


ಪ್ರತಿಕ್ರಿಯೆ: ನೇಪಥ್ಯ

ಇಬ್ಬರಿಗೂ ಧನ್ಯವಾದ. ಒಂದು ಉಪಪ್ರಶ್ನೆ. ಹಾಡಿನ ಪುಸ್ತಕದಲ್ಲಿ ‘ಜಡ್ಜ್’ ಎಂದು ಇವರ ಹೆಸರಿದೆ, ಟೈಟಲ್ ಕಾರ್ಡಿನಲ್ಲೂ ಇದೆ. ಆದರೆ ಸಿಗುವ ಪ್ರತಿಯಲ್ಲಿ ಕೋರ್ಟಿನ ದೃಶ್ಯವೇ ಇಲ್ಲ. ಬಿಡುಗಡೆಗೆ ಮುಂಚೆ ತೆಗೆದದ್ದೋ, ಆಮೇಲೆ ಟಿವಿಗಾಗಿ ಕತ್ತರಿಸಿದ್ದೋ ಗೊತ್ತಾಗುವ ದಾರಿ ಇದೆಯೇ?


ಉತ್ತರ: ಮೂವಿಯೋಲಾ

ಇದೆ, ಬರೀ ಲೆಕ್ಕ. ಚಿತ್ರದ ಮೊದಲಲ್ಲಿ ಬರುವ ಸೆನ್ಸಾರ್ ಪ್ರಮಾಣಪತ್ರವನ್ನು ನಿಲ್ಲಿಸಿ ಓದಿ. ರೀಲುಗಳ ಸಂಖ್ಯೆ, ಉದ್ದ ಅದರಲ್ಲಿರುತ್ತದೆ. ಹಳೆಯದರಲ್ಲಿ ಅಡಿ, ಆಮೇಲಿನದರಲ್ಲಿ ಮೀಟರ್. 35 ಎಂಎಂ ಫಿಲ್ಮಿನ ಒಂದು ಅಡಿಗೆ 16 ಚೌಕಟ್ಟು (ಫ್ರೇಮ್), ಸೆಕೆಂಡಿಗೆ 24 ಚೌಕಟ್ಟು. ಅಂದರೆ ನಿಮಿಷಕ್ಕೆ 90 ಅಡಿ ಅಥವಾ 27.43 ಮೀಟರ್. ಪತ್ರದಲ್ಲಿ 14,400 ಅಡಿ ಎಂದಿದ್ದರೆ ಚಿತ್ರ 160 ನಿಮಿಷ. 4,000 ಮೀಟರ್ ಎಂದಿದ್ದರೆ ಸುಮಾರು 146 ನಿಮಿಷ.

ಈಗ ನಿಮ್ಮ ಕೈಲಿರುವ ಪ್ರತಿಯ ಅವಧಿ ನೋಡಿ. ನೇರವಾಗಿ ಕಳೆಯಬೇಡಿ, ಇಲ್ಲೇ ಬಹಳ ಜನ ಎಡವುವುದು. ನಮ್ಮಲ್ಲಿ ಟಿವಿ, ವಿಸಿಡಿ, ಡಿವಿಡಿಗೆ ಇಳಿಸುವಾಗ ಪಾಲ್ ಎಂಬ ಟಿವಿ ಪದ್ಧತಿಯಂತೆ ಸೆಕೆಂಡಿಗೆ 25 ಚೌಕಟ್ಟಿನ ವೇಗದಲ್ಲಿ ಓಡಿಸಿರುತ್ತಾರೆ. ಏನೂ ಕತ್ತರಿಸದಿದ್ದರೂ 160 ನಿಮಿಷದ ಚಿತ್ರ ಸುಮಾರು 154 ನಿಮಿಷಕ್ಕೆ ಮುಗಿಯುತ್ತದೆ. ಆದ್ದರಿಂದ ಪತ್ರದ ಅವಧಿಯನ್ನು 0.96ರಿಂದ ಗುಣಿಸಿ, ಆಮೇಲೆ ಹೋಲಿಸಿ. ಪ್ರತಿ 132 ನಿಮಿಷ ಇದ್ದರೆ 22 ನಿಮಿಷ ಬಿಡುಗಡೆಯ ನಂತರ ಹೋಗಿದೆ ಎಂದು ಅರ್ಥ. ಕೋರ್ಟಿನ ದೃಶ್ಯ ಅದರಲ್ಲಿ ಇದ್ದಿರುವ ಸಾಧ್ಯತೆ ದಂಡಿಯಾಗಿದೆ. ಟಿವಿಯ ಅವಧಿಗೆ ಹೊಂದಿಸುವಾಗ ಹಾಡು, ಹೊಡೆದಾಟ ಮುಟ್ಟುವುದಿಲ್ಲ, ಪೋಷಕ ನಟರ ದೃಶ್ಯಗಳೇ ಮೊದಲು ಹೋಗುವುದು. ವ್ಯತ್ಯಾಸ ಒಂದೆರಡು ನಿಮಿಷ ಮಾತ್ರ ಇದ್ದರೆ ದೃಶ್ಯವನ್ನು ನಿರ್ಮಾಪಕರೇ ಬಿಡುಗಡೆಗೆ ಮುಂಚೆ ತೆಗೆದಿದ್ದಾರೆ ಎನ್ನಬಹುದು. ಒಂದೆರಡು ನಿಮಿಷ ರೀಲಿನ ತುದಿ ಸವೆದು ಹೋಗುವುದು ಹಳೆಯ ಪ್ರಿಂಟುಗಳಲ್ಲಿ ಮಾಮೂಲು.

ಪ್ರಮಾಣಪತ್ರದ ಎರಡನೇ ಭಾಗದಲ್ಲಿ ಮಂಡಳಿ ತೆಗೆಸಿದ ಕಡಿತಗಳು ರೀಲ್ ಸಂಖ್ಯೆ ಸಮೇತ ಇರುತ್ತವೆ. ನಿಮ್ಮ ದೃಶ್ಯ ಅಲ್ಲೇನಾದರೂ ಇದೆಯೇ ನೋಡಿ. ಜಡ್ಜ್ ತೀರ್ಪು ಕೊಡುವ ದೃಶ್ಯಕ್ಕೆ ಸೆನ್ಸಾರ್ ಕತ್ತರಿ ಬೀಳುವುದು ಕಡಿಮೆ, ಆದರೂ ನೋಡಿಕೊಳ್ಳುವುದು ವಾಸಿ.

ಕತ್ತರಿ ಬಿದ್ದ ಜಾಗವನ್ನು ಕಿವಿಯಿಂದ ಹಿಡಿಯಬಹುದು. 35 ಎಂಎಂ ಪ್ರಿಂಟಿನಲ್ಲಿ ಧ್ವನಿ ತನ್ನ ಚಿತ್ರಕ್ಕಿಂತ ಸುಮಾರು 20 ಚೌಕಟ್ಟು ಮುಂದಿರುತ್ತದೆ. ಪ್ರಿಂಟನ್ನೇ ಕತ್ತರಿಸಿ ಅಂಟಿಸಿದ್ದರೆ ಚಿತ್ರ ಬದಲಾಗುವ ಕ್ಷಣಕ್ಕೂ ಹಿನ್ನೆಲೆ ಸಂಗೀತ ತುಂಡಾಗುವ ಕ್ಷಣಕ್ಕೂ ಮುಕ್ಕಾಲು ಸೆಕೆಂಡಿಗಿಂತ ಸ್ವಲ್ಪ ಹೆಚ್ಚು ಅಂತರ ಕಾಣುತ್ತದೆ. ವಿಡಿಯೋ ಆದ ಮೇಲೆ ಕತ್ತರಿಸಿದ್ದರೆ ಎರಡೂ ಒಟ್ಟಿಗೇ ತುಂಡಾಗುತ್ತವೆ. ಈ ಒಂದು ಗುರುತಿನಿಂದಲೇ ಯಾವ ಹಂತದ ಕತ್ತರಿ ಎಂದು ಹೇಳಬಹುದು.

ಮೇಲೆ ಪದ್ಯಾವಳಿಯವರು ಹೇಳಿದ ಧ್ವನಿಯ ಹೋಲಿಕೆಗೂ ಈ 25ರ ಲೆಕ್ಕ ಬೇಕು. ವೇಗ ಶೇ 4ರಷ್ಟು ಏರಿದಾಗ ಸ್ವರವೂ ಅಷ್ಟೇ ಏರುತ್ತದೆ, ದಪ್ಪ ಧ್ವನಿ ತೆಳ್ಳಗಾಗುತ್ತದೆ. ಕಂಪ್ಯೂಟರಿನಲ್ಲಿ ವಿಡಿಯೋ ನೋಡುವ ವಿಎಲ್‌ಸಿ ತಂತ್ರಾಂಶದಲ್ಲಿ ವೇಗ 0.96 ಇಟ್ಟು, ಆಡಿಯೋ ಸೆಟ್ಟಿಂಗಿನಲ್ಲಿ ಟೈಮ್ ಸ್ಟ್ರೆಚಿಂಗ್ ಆಯ್ಕೆ ತೆಗೆದುಬಿಡಿ. ಅದನ್ನು ತೆಗೆಯದಿದ್ದರೆ ವೇಗ ಇಳಿಯುತ್ತದೆ, ಸ್ವರ ಇಳಿಯುವುದಿಲ್ಲ. ಎರಡು ಬೇರೆ ಮೂಲದ ಪ್ರತಿಗಳನ್ನು ಹೀಗೆ ಸರಿಮಾಡದೆ ಹೋಲಿಸಿ ‘ಧ್ವನಿ ಬೇರೆ, ಆದ್ದರಿಂದ ನಟರೂ ಬೇರೆ’ ಎಂದು ಬರೆದರೆ ತಪ್ಪಾಗುತ್ತದೆ.

ಸಿನಿಮಾಸ್ಕೋಪ್ (ಅಗಲ ತೆರೆಯ) ಚಿತ್ರವಾದರೆ ಟೈಟಲ್ ಕಾರ್ಡಿನ ಬಗ್ಗೆಯೂ ಎಚ್ಚರ. ಹಳೆಯ ಟಿವಿಯ ಅಳತೆಗೆ ಎರಡೂ ಬದಿ ಕತ್ತರಿಸಿದ ಪ್ರತಿಯಲ್ಲಿ ಎಡ, ಬಲ ಅಂಚಿನ ಹೆಸರುಗಳು ಅರ್ಧಂಬರ್ಧ ಉಳಿದಿರುತ್ತವೆ. ‘ಕಾರ್ಡಿನಲ್ಲಿ ಹೆಸರಿಲ್ಲ’ ಎಂದು ಬರೆಯುವ ಮುಂಚೆ ಪೂರ್ತಿ ಅಗಲದ ಪ್ರತಿ ನೋಡಿರಬೇಕು.


ಉತ್ತರ: ರಂಗಸ್ಥಳ

ಜೀವನದ ವಿವರಕ್ಕೆ ಬರೋಣ. ಮನೆಯವರನ್ನು ‘ಯಾವ್ಯಾವ ಸಿನಿಮಾ ಮಾಡಿದ್ರು?’ ಎಂದು ಕೇಳಿದರೆ ಹೆಸರಾದ ನಾಲ್ಕೇ ಹೇಳುತ್ತಾರೆ, ಅದರಲ್ಲಿ ಎರಡು ಬೇರೆಯವರದ್ದಾಗಿರುತ್ತವೆ. ತೆರೆಯಿಂದ ತೆಗೆದ ಚಿತ್ರಗಳನ್ನು ಮುಂದಿಟ್ಟು ‘ಇವರೇನಾ?’ ಎಂದು ಕೇಳಿ. ನಡುವೆ ಖಂಡಿತ ಅವರಲ್ಲದ ಒಂದೆರಡು ಮುಖಗಳನ್ನೂ ಸೇರಿಸಿ. ಎಲ್ಲದಕ್ಕೂ ಹೌದು ಎನ್ನುವವರ ಗುರುತಿಸುವಿಕೆಗೆ ಎಷ್ಟು ತೂಕ ಕೊಡಬೇಕೆಂದು ಆಗ ತಿಳಿಯುತ್ತದೆ.

ಕಂಪನಿ ದಿನಗಳಿಗೆ ಇಸವಿ ಕೇಳಬೇಡಿ, ಕ್ಯಾಂಪ್ (ಕಂಪನಿ ಬೀಡುಬಿಟ್ಟಿದ್ದ ಊರು) ಕೇಳಿ. ‘ದೊಡ್ಡಮಗಳು ಹುಟ್ಟಿದಾಗ ಕಂಪನಿ ಯಾವ ಊರಿನಲ್ಲಿತ್ತು?’ ಎಂದರೆ ಉತ್ತರ ಬರುತ್ತದೆ. ಮಗಳ ಶಾಲೆಯ ದಾಖಲೆಯಿಂದ ಇಸವಿ, ಆ ಊರಿನ ಕರಪತ್ರದಿಂದ ನಾಟಕ, ಪಾತ್ರ ಸಿಗುತ್ತವೆ. ಗುಬ್ಬಿ ಕಂಪನಿಯೋ, ಹಿರಣ್ಣಯ್ಯ ಮಿತ್ರ ಮಂಡಳಿಯೋ, ಸುಬ್ಬಯ್ಯ ನಾಯ್ಡು ಅವರ ಸಾಹಿತ್ಯ ಸಾಮ್ರಾಜ್ಯ ನಾಟಕ ಮಂಡಳಿಯೋ ಎಂಬುದು ಖಚಿತವಾದರೆ ಸಿನಿಮಾಕ್ಕೆ ಬಂದ ದಾರಿಯೂ ಬಹುಮಟ್ಟಿಗೆ ತಿಳಿದಂತೆ. ರಾಜ್‌ಕುಮಾರ್, ನರಸಿಂಹರಾಜು, ಬಾಲಕೃಷ್ಣ, ಜಿ.ವಿ. ಅಯ್ಯರ್ ನಾಲ್ವರೂ ಗುಬ್ಬಿ ಕಂಪನಿಯ ನಂಟಿನವರು. ಕಲಾವಿದರೇ ಸೇರಿ ‘ರಣಧೀರ ಕಂಠೀರವ’ (1960) ನಿರ್ಮಿಸಿದಂಥ ಕಡೆ ಕಂಪನಿಯ ಹಳೆಯ ಒಡನಾಡಿಗಳು ಸಣ್ಣ ಪಾತ್ರಗಳಲ್ಲಿ ಇದ್ದಾರೆಯೇ ಎಂದು ವಿಶೇಷವಾಗಿ ನೋಡಿ. ಚಿತ್ರಪಟ್ಟಿಯಲ್ಲಿ ಒಂದೆರಡು ವರ್ಷ ಖಾಲಿ ಕಂಡರೆ ಕೆಲಸ ಸಿಗಲಿಲ್ಲ ಎಂದು ಬರೆಯಬೇಡಿ, ಆ ಹೊತ್ತಿನಲ್ಲಿ ನಾಟಕದ ಕ್ಯಾಂಪಿನಲ್ಲಿ ಇದ್ದಿರಬಹುದು.

ಆಕಾಶವಾಣಿಯನ್ನು ಮರೆಯಬೇಡಿ. ಪೋಷಕ ನಟರಲ್ಲಿ ರೇಡಿಯೋ ನಾಟಕ ಮಾಡಿದವರು ಬಹಳ. ಪ್ರತಿ ಪ್ರಸಾರಕ್ಕೂ ಕರಾರು ಪತ್ರ ಬರುತ್ತಿತ್ತು. ನಾಟಕದ ಹೆಸರು, ದಿನಾಂಕ, ಸಂಭಾವನೆ, ಆಗಿನ ಮನೆ ವಿಳಾಸ ಎಲ್ಲ ಅದರಲ್ಲಿರುತ್ತದೆ. ಇಂಥ ಪತ್ರಗಳನ್ನು ಮನೆಗಳಲ್ಲಿ ಹಳೆ ರಸೀದಿಗಳ ಕಟ್ಟಿನೊಳಗೆ ಸೇರಿಸಿಟ್ಟಿರುತ್ತಾರೆ, ಫೋಟೊ ಆಲ್ಬಮ್ಮಿನಲ್ಲಿ ಹುಡುಕಿದರೆ ಸಿಗುವುದಿಲ್ಲ. ಫೋಟೊ ಸಿಕ್ಕರೆ ಮುಂಭಾಗಕ್ಕಿಂತ ಮೊದಲು ಹಿಂಭಾಗ ಸ್ಕ್ಯಾನ್ ಮಾಡಿ. ಸ್ಟುಡಿಯೋ ಮೊಹರು, ಪೆನ್ಸಿಲಿನಲ್ಲಿ ಬರೆದ ಚಿತ್ರದ ಹೆಸರು ಅಲ್ಲಿರುತ್ತವೆ, ಮುಟ್ಟಿ ಮುಟ್ಟಿ ಅಳಿಸಿಹೋಗುವುದೂ ಅವೇ.

ಕೊನೆಗಾಲಕ್ಕೆ ರಾಜ್ಯೋತ್ಸವ ಪ್ರಶಸ್ತಿ, ನಾಟಕ ಅಕಾಡೆಮಿ ಪ್ರಶಸ್ತಿಗಳ ಪಟ್ಟಿ ನೋಡಿ. ಕನ್ನಡ ಮತ್ತು ಸಂಸ್ಕೃತಿ ಇಲಾಖೆಯ ಮಾಸಾಶನ ಪಡೆದಿದ್ದರೆ ಮಂಜೂರಾತಿ ಪತ್ರದ ಪ್ರತಿ ಮನೆಯಲ್ಲೇ ಇರುತ್ತದೆ, ಜೊತೆಗಿಟ್ಟ ಅರ್ಜಿಯಲ್ಲಿ ನಟರು ತಾವೇ ಕೊಟ್ಟ ಜನ್ಮದಿನ, ಕೆಲಸ ಮಾಡಿದ ಕಂಪನಿಗಳ ವಿವರವೂ ಇರುತ್ತದೆ. ಆದಾಯ, ಕಾಯಿಲೆಯ ವಿವರಗಳೂ ಅದರಲ್ಲೇ ಇರುವುದರಿಂದ ಮನೆಯವರು ಒಪ್ಪದೆ ಒಂದಕ್ಷರವೂ ಬಳಸಬಾರದು. ಮೂರು ಕಡೆ ಮೂರು ಜನ್ಮದಿನ ಸಿಕ್ಕರೆ ಒಂದನ್ನು ಆರಿಸಿ ಉಳಿದದ್ದನ್ನು ಮುಚ್ಚಿಡಬೇಡಿ, ಮೂರನ್ನೂ ಆಧಾರ ಸಮೇತ ಕೊಡಿ. ಶಾಲೆಗೆ ಸೇರಿಸುವಾಗ ವಯಸ್ಸು ಹೆಚ್ಚು ಕಡಿಮೆ ಬರೆಸುವುದು ಆಗ ಎಲ್ಲ ಮನೆಗಳಲ್ಲೂ ಇದ್ದದ್ದೇ.

ಲೇಖನದ ಜೊತೆ ತೆರೆಯ ಚಿತ್ರ ಹಾಕುವುದಾದರೆ, ನಮ್ಮ ಕಾನೂನಿನಲ್ಲಿ ಚಲನಚಿತ್ರದ ಹಕ್ಕುಸ್ವಾಮ್ಯ ಬಿಡುಗಡೆಯ ಮರುವರ್ಷದ ಆರಂಭದಿಂದ 60 ವರ್ಷ. 1964ರಲ್ಲಿ ಬಿಡುಗಡೆಯಾದದ್ದು 2024ರ ಡಿಸೆಂಬರ್ 31ಕ್ಕೆ ಮುಗಿದಿದೆ. ಹಾಡಿನ ಸಾಹಿತ್ಯದ ಲೆಕ್ಕ ಬೇರೆ, ಅದು ಬರೆದವರ ಆಯುಷ್ಯದ ಮೇಲೆ ಇನ್ನೂ 60 ವರ್ಷ. ಆದ್ದರಿಂದ ಪುಸ್ತಕದ ಪಾತ್ರವರ್ಗದ ಪುಟ ಹಾಕಿ, ಹಾಡಿನ ಪುಟಗಳನ್ನು ಬಿಡಿ.


ಉತ್ತರ: ಪದ್ಯಾವಳಿ

ಒಂದು ಸೇರ್ಪಡೆ. ಪಟ್ಟಿಯ ಪ್ರತಿ ಚಿತ್ರದ ಮುಂದೆ ಆಧಾರದ ದರ್ಜೆ ಹಾಕಿ. ತೆರೆಯಲ್ಲೂ ಕಂಡು ಟೈಟಲ್‌ನಲ್ಲೂ ಹೆಸರಿದ್ದರೆ ‘ಅ’. ತೆರೆಯಲ್ಲಿ ಮಾತ್ರ ಕಂಡರೆ ‘ಆ’, ಎಷ್ಟನೇ ನಿಮಿಷ ಎಂಬುದರ ಸಮೇತ. ತೆರೆಯಲ್ಲಿ ಕಾಣದೆ ಅಚ್ಚಿನಲ್ಲೋ ಟೈಟಲ್‌ನಲ್ಲೋ ಹೆಸರು ಮಾತ್ರ ಇದ್ದರೆ ‘ಇ’. ಬರೀ ಯಾರೋ ಹೇಳಿದ್ದಾದರೆ ಪಟ್ಟಿಗೆ ಬೇಡ, ಬೇರೆ ಹಾಳೆಯಲ್ಲಿ ಇಟ್ಟುಕೊಳ್ಳಿ. ಪ್ರತಿಗಳೇ ಉಳಿಯದ ಚಿತ್ರಗಳು ನಮ್ಮಲ್ಲಿ ಬಹಳ, ಮೊದಲ ವಾಕ್ಚಿತ್ರ ‘ಸತಿ ಸುಲೋಚನಾ’ (1934) ಕೂಡ ಇಂದು ನೋಡಲು ಇಲ್ಲ. ಅಂಥವು ‘ಇ’ ಆಗಿಯೇ ಉಳಿಯುತ್ತವೆ, ಅವನ್ನು ಬಿಡಬೇಡಿ. ನಿಮ್ಮ ಜಡ್ಜ್ ಪಾತ್ರವೂ ಸದ್ಯಕ್ಕೆ ‘ಇ’. ಟೈಟಲ್‌ನಲ್ಲಿ ಹೆಸರಿದೆ ಎಂದು ‘ಅ’ಗೆ ಏರಿಸಬೇಡಿ, ಪ್ರಮಾಣಪತ್ರದ ಉದ್ದ, ಪ್ರತಿಯ ಅವಧಿ ಎರಡನ್ನೂ ಅಡಿಟಿಪ್ಪಣಿಯಲ್ಲಿ ಬರೆದಿಡಿ. ಕೋರ್ಟಿನ ದೃಶ್ಯವಿರುವ ಪೂರ್ತಿ ಪ್ರತಿ ಯಾರ ಬಳಿಯಾದರೂ ಇದ್ದರೆ ಅದನ್ನು ಓದಿಯೇ ಅವರು ನಿಮ್ಮನ್ನು ಹುಡುಕಿಕೊಂಡು ಬರಬಹುದು.